ಸೆಲ್ ಬದಲಿಸಿದರೆ ಕೀಯ ಕೋಡ್ ಅಳಿಸಿಹೋಗುವುದಿಲ್ಲ

ಕಾರಿನ ರಿಮೋಟ್ ಕೀಯ ದೂರು ಇಲ್ಲದೆ ನನ್ನ ಒಂದು ವಾರವೂ ಮುಗಿಯುವುದಿಲ್ಲ. ಪ್ರಶ್ನೆ ಒಂದೇ, ಕೇಳುವವರು ಬೇರೆ. ಅದಕ್ಕಿಂತ ಬೇಸರದ ಸಂಗತಿಯೆಂದರೆ, ನನ್ನನ್ನು ಕೇಳುವ ಹೊತ್ತಿಗೆ ಹಲವರು ಆಗಲೇ ಯಾರಿಗೋ ಹಣ ತೆತ್ತು ಬಂದಿರುತ್ತಾರೆ. ಕೀ ಬಿಚ್ಚುವುದು ಹೇಗೆ, ಸೆಲ್ಲಿನ ಯಾವ ಮುಖ ಮೇಲೆ ಬರಬೇಕು ಎಂಬುದನ್ನೆಲ್ಲ ಇಲ್ಲಿ ಬರೆಯುವುದಿಲ್ಲ. ಅದು ನಿಮ್ಮ ಕಾರಿನ ಕೈಪಿಡಿಯಲ್ಲಿ ಚಿತ್ರಸಹಿತ ಇದೆ, ತೆರೆದು ನೋಡಿ.

ಪ್ರಶ್ನೆ: ರಿಮೋಟ್ ಕೀ ಇದ್ದಕ್ಕಿದ್ದಂತೆ ಕೆಲಸ ನಿಲ್ಲಿಸಿತು. ಹೊಸ ಸೆಲ್ ಹಾಕಿದರೂ ಬಾಗಿಲು ತೆರೆಯುತ್ತಿಲ್ಲ. ಸೆಲ್ ತೆಗೆದಿದ್ದರಿಂದ ಕೋಡ್ ಅಳಿಸಿಹೋಗಿದೆ, ಮತ್ತೆ ಪ್ರೋಗ್ರಾಂ ಮಾಡಬೇಕು, ಅದೂ ಆಗದಿದ್ದರೆ ಕಾರಿನ ಕಂಪ್ಯೂಟರನ್ನೇ ಬದಲಿಸಬೇಕು ಎನ್ನುತ್ತಾರೆ ಅಂಗಡಿಯವರು. ನಿಜವೇ?

ಕೋಡ್ ಅಳಿಸಿಹೋಗಿಲ್ಲ. ಕೀಯ ಗುರುತಿನ ಸಂಖ್ಯೆಯೂ ಗುಟ್ಟಿನ ಕೋಡೂ ಇರುವುದು ವಿದ್ಯುತ್ ಇಲ್ಲದಿದ್ದರೂ ಉಳಿಯುವ ಮೆಮೊರಿಯಲ್ಲಿ. ಸೆಲ್ ತೆಗೆದು ವರ್ಷಗಟ್ಟಲೆ ಕಪಾಟಿನಲ್ಲಿ ಇಟ್ಟರೂ ಅವು ಅಲ್ಲೇ ಇರುತ್ತವೆ. ಕೆಲವು ಮಾದರಿಗಳಲ್ಲಿ ಸೆಲ್ ಬದಲಿಸಿದ ಮೇಲೆ ಕೀಯನ್ನೂ ಕಾರನ್ನೂ ಮತ್ತೆ ಹೊಂದಿಸಬೇಕಾಗುತ್ತದೆ, ಅದು ಹೌದು. ಅದಕ್ಕೆ ಇಗ್ನಿಷನ್ ತಿರುಗಿಸಿ ಗುಂಡಿ ಒತ್ತುವಂಥ ಎರಡು ನಿಮಿಷದ ಕ್ರಮ ಕೈಪಿಡಿಯಲ್ಲೇ ಇರುತ್ತದೆ. ಆ ಕೆಲಸಕ್ಕೆ ಪ್ರೋಗ್ರಾಮಿಂಗ್ ಎಂಬ ದೊಡ್ಡ ಹೆಸರಿಟ್ಟು ಹಣ ಕೇಳುವವರ ಮೇಲೆ ನನಗೆ ಸಿಟ್ಟಿದೆ.

ನೀವು ಮೊದಲು ಮಾಡಬೇಕಿದ್ದದ್ದು ಒಂದೇ ಕೆಲಸ, ಅದನ್ನು ನಿಮ್ಮ ಪತ್ರದಲ್ಲಿ ಎಲ್ಲೂ ಹೇಳಿಲ್ಲ. ಮನೆಯಲ್ಲಿರುವ ಇನ್ನೊಂದು ಕೀಯನ್ನು ತಂದು ಗುಂಡಿ ಒತ್ತಿ ನೋಡಬೇಕಿತ್ತು. ಎರಡೂ ಕೀಗಳು ಒಟ್ಟಿಗೆ ಕೆಡುವುದು ತೀರಾ ಅಪರೂಪ. ಎರಡಕ್ಕೂ ಕಾರು ಓಗೊಡದಿದ್ದರೆ ಕೀಯನ್ನು ಬಿಟ್ಟು ಕಾರಿನ ಕಡೆ ತಿರುಗಿ. ಒಳಗಿನ ದೀಪ ಮಂಕಾಗಿ ಉರಿಯುತ್ತಿದೆಯೇ? ಹಾಗಿದ್ದರೆ ಕಾರಿನ 12 ವೋಲ್ಟ್ ಬ್ಯಾಟರಿ ಇಳಿದಿದೆ. ಯಾವುದಾದರೂ ಬಾಗಿಲು ಪೂರ್ತಿ ಮುಚ್ಚಿಲ್ಲವೇ, ಇಗ್ನಿಷನ್ ಆನ್ ಆಗಿಯೇ ಉಳಿದಿದೆಯೇ, ಮತ್ತೊಂದು ಕೀ ಸೀಟಿನ ಮೇಲೆ ಬಿದ್ದಿದೆಯೇ? ಇಂಥ ಸ್ಥಿತಿಯಲ್ಲಿ ಎಷ್ಟೋ ಕಾರುಗಳು ಬೇಕೆಂದೇ ಲಾಕ್ ಆಗುವುದಿಲ್ಲ. ಒಂದು ಜಾಗದಲ್ಲಿ ಮಾತ್ರ ಕೆಲಸ ಮಾಡದೆ ನೂರು ಮೀಟರ್ ಆಚೆ ಸರಿಯಾಗಿದ್ದರೆ ಅಲ್ಲಿನ ರೇಡಿಯೊ ಗದ್ದಲವೇ ಕಾರಣ. ಕಾರಿನೊಳಗೆ ಸಿಕ್ಕಿಸಿದ ಕಳಪೆ ಮೊಬೈಲ್ ಚಾರ್ಜರ್, ಡ್ಯಾಶ್ ಕ್ಯಾಮೆರಾಗಳೂ ಇದೇ ಗದ್ದಲ ಎಬ್ಬಿಸುತ್ತವೆ. ಅವನ್ನು ಕಿತ್ತು ನೋಡಿ.

ಎರಡನೆಯ ಕೀ ಸರಿಯಾಗಿ ಕೆಲಸ ಮಾಡಿತು ಎಂದುಕೊಳ್ಳೋಣ. ಹಾಗಾದರೆ ಕೀಯ ಸಂಕೇತ ಹಿಡಿಯುವ ಕಾರಿನ ರಿಸೀವರ್ ಚೆನ್ನಾಗಿದೆ, ಫ್ಯೂಸ್ ಚೆನ್ನಾಗಿದೆ. ಈಗ ಕೆಟ್ಟ ಕೀಯಿಂದಲೇ ಎಂಜಿನ್ ಚಾಲೂ ಮಾಡಿ ನೋಡಿ. ಇದನ್ನು ಏಕೆ ಒತ್ತಿ ಹೇಳುತ್ತೇನೆಂದರೆ, ಆ ಪುಟ್ಟ ಕವಚದೊಳಗೆ ಒಂದಕ್ಕೊಂದು ಸಂಬಂಧವಿಲ್ಲದ ಎರಡು ಕೆಲಸಗಳು ನಡೆಯುತ್ತವೆ. ಬಾಗಿಲು ತೆರೆಯುವ ರಿಮೋಟ್ ಒಂದು. ಅದು ಸೆಲ್ಲಿನ ಬಲದಿಂದ 433.92 ಮೆಗಾಹರ್ಟ್ಸ್‌ನಲ್ಲೋ, ಕೆಲವು ದೇಶಗಳ ಕಾರುಗಳಲ್ಲಾದರೆ 315 ಮೆಗಾಹರ್ಟ್ಸ್‌ನಲ್ಲೋ ಸಂಕೇತ ಕಳುಹಿಸುತ್ತದೆ. ಎಂಜಿನ್ ಚಾಲೂ ಆಗಲು ಅನುಮತಿ ಕೊಡಿಸುವ ಇಮ್ಮೊಬಿಲೈಜರ್ ಚಿಪ್ ಇನ್ನೊಂದು. ಅದಕ್ಕೆ ಸೆಲ್ ಬೇಕೇ ಇಲ್ಲ. ಇಗ್ನಿಷನ್ನಿನ ಸುತ್ತ ಅಥವಾ ಸ್ಟಾರ್ಟ್ ಗುಂಡಿಯ ಹಿಂದೆ ಇರುವ ತಂತಿಯ ಸುರುಳಿ ಹೊಮ್ಮಿಸುವ ಕಾಂತಕ್ಷೇತ್ರದಿಂದಲೇ ಅದು ತನಗೆ ಬೇಕಾದಷ್ಟು ವಿದ್ಯುತ್ ಪಡೆದು ಉತ್ತರ ಕೊಡುತ್ತದೆ. ಹೆಚ್ಚಾಗಿ ಇದು ನಡೆಯುವುದು 125 ಕಿಲೋಹರ್ಟ್ಸ್‌ನಲ್ಲಿ, ಒಂದೆರಡು ಅಂಗುಲದ ಅಂತರದಲ್ಲಿ. ಹಾಗಾಗಿ ಸೆಲ್ ಪೂರ್ತಿ ಸತ್ತ ಕೀಯಿಂದಲೂ ಕಾರು ಚಾಲೂ ಆಗಬೇಕು. ಸ್ಟಾರ್ಟ್ ಗುಂಡಿ ಇರುವ ಕಾರುಗಳಲ್ಲಿ ಕೀಯನ್ನು ಆ ಗುಂಡಿಗೇ ತಾಗಿಸಿ ಹಿಡಿಯಬೇಕು, ಇಲ್ಲವೇ ಕೈಪಿಡಿ ತೋರಿಸುವ ಜಾಗದಲ್ಲಿ ಇಡಬೇಕು. ಬಾಗಿಲಿಗೆ ಕವಚದೊಳಗೆ ಅಡಗಿರುವ ಲೋಹದ ಕೀ ಇದೆ. ಕೀ ಕೆಟ್ಟಿತೆಂದು ಕಾರನ್ನು ಎಳೆಸಿಕೊಂಡು ಗ್ಯಾರೇಜಿಗೆ ತಂದವರನ್ನು ಕಂಡಾಗ ನನಗೆ ನಿಜಕ್ಕೂ ಸಂಕಟವಾಗುತ್ತದೆ.

ಇನ್ನೊಂದು ಕೀಗೆ ಬಾಗಿಲು ತೆರೆಯಿತು, ಕೆಟ್ಟ ಕೀಗೆ ಎಂಜಿನ್ ಚಾಲೂ ಆಯಿತು. ಈ ಎರಡು ಸಂಗತಿ ಗೊತ್ತಾದ ಮೇಲೆ ಕಾರಿನ ಕಂಪ್ಯೂಟರ್ ಬದಲಿಸಿ ಎನ್ನುವವರ ಮಾತನ್ನು ಕೇಳುತ್ತ ಅಲ್ಲಿ ನಿಲ್ಲಬೇಡಿ. ದೋಷ ಇರುವುದು ಕೀಯೊಳಗಿನ ರಿಮೋಟ್ ಭಾಗದಲ್ಲಿ ಮಾತ್ರ.

ಅಲ್ಲಿ ನಾನು ಮೊದಲು ಅನುಮಾನಿಸುವುದು ನೀವು ಹಾಕಿದ ‘ಹೊಸ’ ಸೆಲ್ಲನ್ನೇ. ಮಲ್ಟಿಮೀಟರ್ 3 ವೋಲ್ಟ್ ತೋರಿಸಿತು ಎಂದು ಹಲವರು ಬರೆಯುತ್ತಾರೆ. ಸುಮ್ಮನೆ ಕುಳಿತ ಸೆಲ್ ಮುಗಿಯುವ ಹಂತದವರೆಗೂ ಸುಮಾರು ಅಷ್ಟನ್ನೇ ತೋರಿಸುತ್ತದೆ. ಮೀಟರಿನ ಕಡ್ಡಿಗಳನ್ನು ತಾಗಿಸಿಕೊಂಡೇ ಕೀಯ ಗುಂಡಿ ಒತ್ತಿ ಹಿಡಿಯಿರಿ. ಆಗ ಅಂಕಿ ಸರ್ರನೆ ಕೆಳಗಿಳಿದರೆ ಆ ಸೆಲ್ ಅಂಗಡಿಯಲ್ಲೇ ಹಳತಾಗಿತ್ತು. ಕೀಯ ಪುಟ್ಟ ದೀಪ ಮಿನುಗಿದರೆ ಎಲ್ಲವೂ ಸರಿ ಎಂದೂ ಅಲ್ಲ. ದೀಪಕ್ಕೆ ಸಾಲುವ ಶಕ್ತಿ ರೇಡಿಯೊಗೆ ಸಾಲದೇ ಹೋಗಬಹುದು.

ಅಳತೆಯನ್ನೂ ನೋಡಿ. ಸಿಆರ್2032 ಎಂದರೆ 20 ಮಿಲಿಮೀಟರ್ ಅಗಲ, 3.2 ಮಿಲಿಮೀಟರ್ ದಪ್ಪ. ಸಿಆರ್2025 ಅದೇ ಅಗಲದ್ದಾದರೂ 2.5 ಮಿಲಿಮೀಟರ್ ದಪ್ಪದ್ದು. ತೆಳ್ಳಗಿನದನ್ನು ಹಾಕಿ ಅಡಿಗೆ ಕಾಗದ ಮಡಚಿಟ್ಟ ಕೀಗಳು ನನ್ನ ಮೇಜಿಗೆ ಬರುತ್ತಲೇ ಇರುತ್ತವೆ. ಜೇಬಿನಲ್ಲಿ ಒಮ್ಮೆ ಅಲುಗಿದರೆ ಸಂಪರ್ಕ ತಪ್ಪುತ್ತದೆ. ಅದೇ ಅಳತೆಯ ರೀಚಾರ್ಜ್ ಸೆಲ್ ಎಲ್‌ಐಆರ್2032 ಪೂರ್ತಿ ಚಾರ್ಜ್ ಆದಾಗ 4.2 ವೋಲ್ಟ್‌ವರೆಗೆ ಏರುತ್ತದೆ. 3 ವೋಲ್ಟಿಗೆ ಮಾಡಿದ ಸರ್ಕ್ಯೂಟಿಗೆ ಅದನ್ನು ಹಾಕುವುದು ಉಳಿತಾಯವಲ್ಲ, ಹಾಳು ಮಾಡುವ ಕೆಲಸ. ಇನ್ನೊಂದು ವಿಷಯ ಹಲವರಿಗೆ ತಿಳಿದಿಲ್ಲ. ಮಕ್ಕಳು ಬಾಯಿಗೆ ಹಾಕಿದರೆ ಉಗಿಯಲಿ ಎಂದು ಕೆಲವು ಕಂಪನಿಗಳು ಸೆಲ್ಲಿಗೆ ಕಹಿ ಲೇಪನ ಹಚ್ಚುತ್ತವೆ. ಕೆಲವು ಸಾಧನಗಳಲ್ಲಿ ಆ ಲೇಪನವೇ ಸಂಪರ್ಕಕ್ಕೆ ಅಡ್ಡಿಯಾಗುತ್ತದೆ. ಸೆಲ್ ಕೂತ ಜಾಗದ ತಗಡಿನ ನಾಲಗೆಗಳು ಚಪ್ಪಟೆಯಾಗಿವೆಯೇ ಎಂದೂ ನೋಡಿ. ಆಗಿದ್ದರೆ ಮರದ ಕಡ್ಡಿಯಿಂದ ಕೂದಲೆಳೆಯಷ್ಟು ಮೇಲೆತ್ತಿದರೆ ಸಾಕು.

ತೆಗೆದ ಹಳೆಯ ಸೆಲ್ಲನ್ನು ಮೇಜಿನ ಮೇಲೆ ಬಿಡಬೇಡಿ. ಇಲ್ಲಿ ನಾನು ಯಾರ ಮುಲಾಜನ್ನೂ ನೋಡುವುದಿಲ್ಲ. ಕಾರಿಗೆ ಸತ್ತ ಸೆಲ್ ಮಗುವಿನ ಅನ್ನನಾಳದಲ್ಲಿ ಸಿಕ್ಕಿಕೊಂಡರೆ ಎರಡೇ ಗಂಟೆಯಲ್ಲಿ ಸುಟ್ಟ ಗಾಯ ಮಾಡಬಲ್ಲದು. ನುಂಗಿದ ಅನುಮಾನ ಬಂದರೂ ಸಾಕು, ವಾಂತಿ ಮಾಡಿಸಲು ಹೋಗದೆ ತಕ್ಷಣ ಆಸ್ಪತ್ರೆಗೆ ಓಡಬೇಕು. ನಾನು ಸೆಲ್ ತೆಗೆದ ಮರುಕ್ಷಣವೇ ಅದರ ಎರಡೂ ಮುಖಕ್ಕೆ ಟೇಪ್ ಅಂಟಿಸಿ ಮುಚ್ಚಳದ ಡಬ್ಬಿಗೆ ಹಾಕುತ್ತೇನೆ.

ಸೆಲ್ಲಿನ ಅನುಮಾನ ಕಳೆದ ಮೇಲೆ ಉಳಿಯುವುದು ಕೀಯೊಳಗಿನ ಸರ್ಕ್ಯೂಟ್ ಬೋರ್ಡು. ಒಂದೇ ಗುಂಡಿ ಕೆಲಸ ಮಾಡುತ್ತಿಲ್ಲವೇ, ಗಟ್ಟಿಯಾಗಿ ಅದುಮಿದರೆ ಅಥವಾ ಕೀಯನ್ನು ತುಸು ತಿರುಚಿ ಹಿಡಿದರೆ ಕೆಲಸ ಮಾಡುತ್ತದೆಯೇ? ಹಾಗಾದರೆ ಗುಂಡಿಯ ಸ್ವಿಚ್ಚು ಸವೆದಿದೆ ಅಥವಾ ಅದರ ಬೆಸುಗೆ ಬಿಟ್ಟಿದೆ. ಕಳೆದ ತಿಂಗಳು ಹೀಗೇ ಒಂದು ಕೀ ಬಂತು. ಎರಡು ಕಡೆ ಪ್ರೋಗ್ರಾಮಿಂಗಿಗೆಂದು ಹಣ ಕೊಟ್ಟಾಗಿತ್ತು. ಭೂತಗಾಜಿನಡಿ ಇಟ್ಟೆ. ಲಾಕ್ ತೆರೆಯುವ ಗುಂಡಿಯ ಒಂದು ಕಾಲಿನ ಸುತ್ತ, ಬೆಸುಗೆಯ ಬೆಳ್ಳಿ ಬಣ್ಣದ ನಡುವೆ, ಕಪ್ಪು ಗೆರೆಯೊಂದು ಉಂಗುರದಂತೆ ಸುತ್ತಿಕೊಂಡಿತ್ತು. ಉಗುರಿನಿಂದ ಗುಂಡಿಯನ್ನು ಪಕ್ಕಕ್ಕೆ ತಳ್ಳಿದರೆ ಆ ಗೆರೆ ಅಗಲವಾಗುತ್ತಿತ್ತು, ಬಿಟ್ಟರೆ ಮುಚ್ಚಿಕೊಳ್ಳುತ್ತಿತ್ತು. ಬೆಸುಗೆ ಹಾಕುವ ಕಾದ ಮೊನೆ ಮುಟ್ಟಿಸಿ ತುಸು ಹೊಸ ಬೆಸುಗೆ ಹರಿಸಿದೆ, ಕೀ ಬದುಕಿತು. ಕೋಡಿಗೂ ಅದಕ್ಕೂ ಯಾವ ಸಂಬಂಧವೂ ಇರಲಿಲ್ಲ.

ಅದೇ ಕೀಯ ಅಂಚಿನಲ್ಲಿ ಸ್ಕ್ರೂಡ್ರೈವರ್ ತೂರಿಸಿದ ಗಾಯವೂ ಇತ್ತು. ಜೇಬಿನಲ್ಲಿದ್ದರೇ ಕಾರು ಗುರುತಿಸುವ ಕೀಲೆಸ್ ಕೀಗಳಲ್ಲಿ ಬೋರ್ಡಿನ ಅಂಚಿಗೆ ಚೌಕಾಕಾರದ ಪುಟ್ಟ ಸುರುಳಿಯೊಂದು ಇರುತ್ತದೆ, ಅದರ ತಂತಿ ಕೂದಲಿಗಿಂತ ತೆಳು. ಸಿಕ್ಕ ಕಡೆ ಮೊನೆ ಹಾಕಿ ಮೀಟಿದರೆ ಮೊದಲು ತುಂಡಾಗುವುದು ಅದೇ. ಆಮೇಲೆ ಗುಂಡಿ ಒತ್ತಿದರೆ ಬಾಗಿಲು ತೆರೆಯುತ್ತದೆ, ಆದರೆ ಜೇಬಿನಲ್ಲಿಟ್ಟುಕೊಂಡು ಹತ್ತಿರ ಹೋದರೆ ಕಾರು ಗುರುತಿಸುವುದಿಲ್ಲ.

ಮಕ್ಕಳು ಕೀ ಹಿಡಿದು ಆಡಿದ್ದರಿಂದ ಕೋಡ್ ತಪ್ಪಿಹೋಗಿರಬಹುದೇ ಎಂಬ ಅನುಮಾನವೂ ಸಾಮಾನ್ಯ. ಮೆಮೊರಿಯಲ್ಲಿರುವ ಗುಟ್ಟಿನ ಕೋಡ್ ಹಾಗೇ ಇದ್ದರೂ, ಪ್ರತಿ ಸಲ ಒತ್ತಿದಾಗಲೂ ಕೀ ಕಳುಹಿಸುವ ಕೋಡ್ ಬದಲಾಗುತ್ತದೆ, ಕಾರು ಮುಂದಿನ ಕೋಡನ್ನು ನಿರೀಕ್ಷಿಸುತ್ತಿರುತ್ತದೆ. ಕೀಲಾಕ್ ಎಂಬ ಬಹಳ ಬಳಕೆಯ ಪದ್ಧತಿಯಲ್ಲಿ ಕಾರು 16 ಒತ್ತುಗಳಷ್ಟು ಹಿಂದೆ ಬಿದ್ದರೂ ತಾನಾಗಿ ಸರಿಹೊಂದುತ್ತದೆ. ಅದಕ್ಕಿಂತ ಹೆಚ್ಚಾದರೆ ಕಾರಿನ ಪಕ್ಕ ನಿಂತು ಒಂದರ ಹಿಂದೆ ಒಂದರಂತೆ ಎರಡು ಸಲ ಒತ್ತಿದರೆ ಮತ್ತೆ ಹೊಂದಿಕೊಳ್ಳುತ್ತದೆ. ಮಗು ಒಂದು ಮಧ್ಯಾಹ್ನ ಒತ್ತಿ ಕೆಡಿಸುವಷ್ಟು ದುರ್ಬಲವಾಗಿ ಅದನ್ನು ಮಾಡಿಲ್ಲ.

ನಿಜಕ್ಕೂ ಪ್ರೋಗ್ರಾಮಿಂಗ್ ಬೇಕಾಗುವುದು ಹೊಸ ಕೀ ಕೊಂಡಾಗ, ಕೀಯ ಬೋರ್ಡನ್ನೇ ಬದಲಿಸಿದಾಗ, ಕಾರಿನ ಸಂಬಂಧಪಟ್ಟ ಘಟಕವನ್ನು ಬದಲಿಸಿದಾಗ. ನಿಮ್ಮದು ಈ ಮೂರರಲ್ಲಿ ಯಾವುದೂ ಅಲ್ಲ.

ಪ್ರಶ್ನೆ: ಕೀಯನ್ನು ಗದ್ದಕ್ಕೆ ಒತ್ತಿ ಹಿಡಿದರೆ ದೂರದಿಂದಲೂ ಕೆಲಸ ಮಾಡುತ್ತದೆ. ಇದು ಭ್ರಮೆಯೇ?

ಭ್ರಮೆಯಲ್ಲ. ನೀರಿನಂಶ ತುಂಬಿದ ತಲೆ ಆಂಟೆನಾಗೆ ನೆರವಾಗುತ್ತದೆ. ಆದರೆ ಮೊದಲು ಬೇಕಿರದಿದ್ದ ಗದ್ದ ಈಗ ಬೇಕಾಗಿದೆ ಎಂದರೆ ಸೆಲ್ ಮುಗಿಯುತ್ತಿದೆ. ಈ ವಾರವೇ ಬದಲಿಸಿ.

ಪ್ರಶ್ನೆ: ಮೊಬೈಲ್ ಕ್ಯಾಮೆರಾದ ಮುಂದೆ ಗುಂಡಿ ಒತ್ತಿದರೆ ಬೆಳಕು ಕಾಣಬೇಕಂತೆ. ನನ್ನ ಕೀಯಲ್ಲಿ ಕಾಣುತ್ತಿಲ್ಲ.

ಅದು ಟಿವಿ ರಿಮೋಟಿನ ಪರೀಕ್ಷೆ. ಈಗಿನ ಕಾರಿನ ಕೀ ಕಳುಹಿಸುವುದು ರೇಡಿಯೊ ಅಲೆ, ಅದು ಯಾವ ಕ್ಯಾಮೆರಾಗೂ ಕಾಣದು. ಇಂಥ ಮಾತು ನಂಬಿ ಚೆನ್ನಾಗಿದ್ದ ಕೀಯನ್ನು ಎಸೆಯಬೇಡಿ.

ಪ್ರಶ್ನೆ: ಮನೆಯಲ್ಲಿರುವವರು ಫೋನಿನ ಹತ್ತಿರ ಕೀ ಒತ್ತಿದರೆ ಇಲ್ಲಿ ನನ್ನ ಫೋನಿನಿಂದ ಕಾರು ತೆರೆಯುತ್ತದೆಯೇ?

ಇಲ್ಲ. ಫೋನ್ ಸಾಗಿಸುವುದು ಧ್ವನಿಯನ್ನು, ಕೀಯ ರೇಡಿಯೊ ಸಂಕೇತವನ್ನಲ್ಲ.

ಪ್ರಶ್ನೆ: ಬಟ್ಟೆಯ ಜೊತೆ ಕೀಯೂ ವಾಷಿಂಗ್ ಮೆಷಿನ್‌ಗೆ ಹೋಯಿತು. ಅಕ್ಕಿಯಲ್ಲಿ ಹೂತಿಟ್ಟಿದ್ದೇನೆ, ಎಷ್ಟು ದಿನ ಬಿಡಬೇಕು?

ಈಗಲೇ ಹೊರಗೆ ತೆಗೆಯಿರಿ. ಕವಚದೊಳಗಿನ ನೀರನ್ನು ಅಕ್ಕಿ ಹೀರುವುದಿಲ್ಲ, ಅದರ ಪುಡಿ ಮಾತ್ರ ಒಳಗೆ ಸೇರುತ್ತದೆ. ಇಷ್ಟು ಹೊತ್ತು ಸೆಲ್ ಒಳಗೇ ಇದ್ದರೆ ಅದೇ ದೊಡ್ಡ ತಪ್ಪು. ತೇವದ ಜೊತೆ ವಿದ್ಯುತ್ ಸೇರಿದಾಗಲೇ ತಾಮ್ರದ ಗೆರೆಗಳು ಹಸಿರುಗಟ್ಟಿ ತಿಂದುಹೋಗುವುದು. ಸೆಲ್ ತೆಗೆಯಿರಿ, ಕೆಲಸ ಮಾಡುತ್ತದೆಯೇ ಎಂದು ಗುಂಡಿ ಒತ್ತಿ ನೋಡಬೇಡಿ. ಸೋಪಿನ ನೀರು ಅಥವಾ ಉಪ್ಪುನೀರು ಹೊಕ್ಕಿದ್ದರೆ ಬೋರ್ಡನ್ನು ಡಿಸ್ಟಿಲ್ಡ್ ನೀರಿನಲ್ಲಿ ತೊಳೆದು, ಐಸೊಪ್ರೊಪೈಲ್ ಆಲ್ಕೊಹಾಲ್ ಅದ್ದಿದ ಮೃದು ಬ್ರಷ್ಷಿನಿಂದ ಸವರಿ, ಗಾಳಿಯಾಡುವಲ್ಲಿ ಒಂದು ಇಡೀ ದಿನ ಬಿಡಿ. ಹೇರ್ ಡ್ರೈಯರ್ ಬೇಡ. ಒಣಗಿದ ಮೇಲೆ ಹೊಸ ಸೆಲ್ ಹಾಕಿ, ಹಳೆಯದನ್ನಲ್ಲ.

ಪ್ರಶ್ನೆ: ಕೀಯ ಕವಚ ಒಡೆದಿತ್ತು. ಹೊಸ ಕವಚ ತರಿಸಿ ಬೋರ್ಡನ್ನು ಅದಕ್ಕೆ ಕೂರಿಸಿದೆ. ಬಾಗಿಲು ತೆರೆಯುತ್ತದೆ, ಎಂಜಿನ್ ಮಾತ್ರ ಚಾಲೂ ಆಗುತ್ತಿಲ್ಲ.

ಹಳೆಯ ಕವಚ ಎಲ್ಲಿದೆ? ಕಸದ ಬುಟ್ಟಿಯಲ್ಲಿದ್ದರೆ ಮೊದಲು ಅದನ್ನು ಹುಡುಕಿ. ಮಡಚುವ ಎಷ್ಟೋ ಕೀಗಳಲ್ಲಿ ಇಮ್ಮೊಬಿಲೈಜರ್ ಚಿಪ್ ಬೋರ್ಡಿನ ಮೇಲೆ ಇರುವುದಿಲ್ಲ. ಕವಚದ ಒಂದು ಮೂಲೆಯ ಗೂಡಿನಲ್ಲಿ ಪುಟ್ಟ ಕಪ್ಪು ತುಂಡಾಗಿಯೋ ಗಾಜಿನ ಕೊಳವೆಯಾಗಿಯೋ ಕುಳಿತಿರುತ್ತದೆ, ನೋಡಿದರೆ ಪ್ಲಾಸ್ಟಿಕ್ಕಿನ ಭಾಗವೆಂದೇ ಅನ್ನಿಸುತ್ತದೆ. ಅದನ್ನು ಹುಷಾರಾಗಿ ಬಿಡಿಸಿ ಹೊಸ ಕವಚದ ಅದೇ ಗೂಡಿಗೆ ಸೇರಿಸಿ. ಗಾಜಿನದ್ದಾದರೆ ಇಕ್ಕಳ ಹಾಕಬೇಡಿ, ಪುಡಿಯಾಗುತ್ತದೆ.

ಪ್ರಶ್ನೆ: ಕೀಲೆಸ್ ಕೀಯ ಸೆಲ್ ಕೆಲವೇ ತಿಂಗಳಲ್ಲಿ ಮುಗಿಯುತ್ತಿದೆ. ಕೀಯನ್ನು ಕಾರು ನಿಲ್ಲಿಸುವ ಜಾಗದ ಗೋಡೆಗೇ ತೂಗುಹಾಕುತ್ತೇನೆ.

ಅದಕ್ಕೇ ಮುಗಿಯುತ್ತಿದೆ. ಕಾರು ಕರೆದಾಗಲೆಲ್ಲ ಕೀ ಎಚ್ಚರಗೊಳ್ಳುತ್ತಿದೆ. ಕೀಯ ಸಂಕೇತವನ್ನು ಗೋಡೆಯಾಚೆಯಿಂದ ಹಿಡಿದು ಕಾರಿಗೆ ತಲುಪಿಸಿ ಕದಿಯುವವರೂ ಇದ್ದಾರೆ. ಮನೆಯ ಒಳಭಾಗಕ್ಕೆ ಒಯ್ಯಿರಿ.

ಪ್ರಶ್ನೆ: ಎರಡು ಕೀಗಳಲ್ಲಿ ಒಂದು ಕಳೆದುಹೋಗಿದೆ. ಇರುವ ಒಂದರಲ್ಲೇ ನಡೆಸುತ್ತಿದ್ದೇನೆ, ತೊಂದರೆ ಇದೆಯೇ?

ಇದೆ. ಕೆಲಸ ಮಾಡುವ ಕೀ ಒಂದಾದರೂ ಕೈಯಲ್ಲಿರುವಾಗ ಇನ್ನೊಂದನ್ನು ಸೇರಿಸುವುದು ಸುಲಭ. ಇರುವುದೂ ಹೋದರೆ ಕೆಲಸ ಹಲವು ಪಟ್ಟು ಕಷ್ಟ, ಖರ್ಚೂ ಹಾಗೆಯೇ. ಹೊಸ ಕೀ ಕೊಳ್ಳುವಾಗ ಆಕಾರ ನೋಡಿ ಮೋಸ ಹೋಗಬೇಡಿ, ಫ್ರೀಕ್ವೆನ್ಸಿಯೂ ಚಿಪ್ಪಿನ ಬಗೆಯೂ ನಿಮ್ಮ ಕಾರಿನದೇ ಆಗಿರಬೇಕು. ಬೇರೆ ಕಾರಿಗೆ ಒಮ್ಮೆ ಹೊಂದಿಸಿದ ಹಳೆಯ ಕೀ ಬೇಡ, ಹಲವು ಕಂಪನಿಗಳ ಕೀಗಳು ಎರಡನೆಯ ಕಾರಿಗೆ ಹೊಂದಿಕೊಳ್ಳುವುದಿಲ್ಲ. ಹೊಸದನ್ನು ಸೇರಿಸುವ ದಿನವೇ ಕಳೆದುಹೋದ ಕೀಯನ್ನು ಕಾರಿನ ಮೆಮೊರಿಯಿಂದ ಅಳಿಸಲು ಹೇಳಿ, ಕಾರಿನಲ್ಲಿ ಈಗ ಎಷ್ಟು ಕೀಗಳು ದಾಖಲಾಗಿವೆ ಎಂಬುದನ್ನು ಪ್ರೋಗ್ರಾಂ ಮಾಡುವ ಉಪಕರಣದ ಪರದೆಯ ಮೇಲೆ ನೀವೇ ನೋಡಿ ಬನ್ನಿ.