ಊಟವಾದ ಮೇಲೆ ಕ್ಯಾಮೆರಾ ಬೇಡ

ಉಡುಪಿ ಹತ್ತಿರದ ಶಂಕರಪುರದಿಂದ ಬಂದ ಈ ಪತ್ರ ಓದಿ ಸಿಟ್ಟು ಬಂತು. ಬರೆದವರ ಮೇಲೆ ಮಾತ್ರ ಅಲ್ಲ.

ಇವರು ಸಾಕ್ಷ್ಯಚಿತ್ರ ಮಾಡುವವರು. ಮುಪ್ಪು, ಮರೆವಿನ ಬಗ್ಗೆ ಚಿತ್ರ ಮಾಡಲು ಅಲ್ಝೈಮರ್ ಇರುವ ತಮ್ಮ ಅಮ್ಮನನ್ನೇ ಶೂಟ್ ಮಾಡುತ್ತಿದ್ದಾರೆ. ದುಬೈಯಲ್ಲಿರುವ ಅಣ್ಣ "ಮನೆಯ ಮಾನ ತೆಗೆಯಬೇಡ" ಅನ್ನುತ್ತಾರೆ. ಎಡಿಟಿಂಗ್ ಮಾಡುವ ಗೆಳೆಯ "ಅಮ್ಮ ನಿನ್ನ ಗುರುತು ಹಿಡಿಯದ ಒಂದು ಸೀನ್ ಸಿಕ್ಕರೆ ಸಾಕು, ಚಿತ್ರ ಗೆದ್ದಿತು" ಅನ್ನುತ್ತಾನೆ. ಯಾರ ಮಾತು ಕೇಳಲಿ?

ಇಬ್ಬರದೂ ಬೇಡ. ನೀವು ಸುಮ್ನೆ ಬರೆದು ದಾಟಿಹೋದ ಮಾತೊಂದಿದೆ: "ಬೆಳಕು ಚೆನ್ನಾಗಿರುತ್ತದೆ ಅಂತ ಸಂಜೆ ಐದರ ಮೇಲೆ ಶೂಟ್ ಮಾಡುತ್ತೇವೆ. ಆಗ ಅಮ್ಮನಿಗೆ ಸ್ವಲ್ಪ ಗಲಿಬಿಲಿ ಜಾಸ್ತಿ. ಮುಖಕ್ಕೆ ಸೆರಗು ಎಳೆದುಕೊಂಡು 'ಯಾನ್ ಇಲ್ಲಡೆ ಪೋಪೆ' ಅನ್ನುತ್ತಾರೆ."

ಮನೆಯೊಳಗೇ ಕೂತು ಮನೆಗೆ ಹೋಗುತ್ತೇನೆ ಅನ್ನುವುದು! ಈ ಕಾಯಿಲೆ ಇರುವ ಎಷ್ಟೋ ಜನರಿಗೆ ಹೊತ್ತು ಇಳಿದಂತೆ ಕಳವಳ ಏರುತ್ತದೆ. ಸನ್‌ಡೌನಿಂಗ್ ಅನ್ನುತ್ತಾರೆ. ದಿನದ ದಣಿವು, ಮಂಕು ಬೆಳಕು, ನೆರಳು, ದೇಹದ ಗಡಿಯಾರದ ಏರುಪೇರು ಎಲ್ಲ ಅದಕ್ಕೆ ಸೇರುತ್ತವೆ. ನಿಮಗೆ ಚೆಂದ ಕಂಡ ಹೊತ್ತು ಅಮ್ಮನಿಗೆ ದಿನದ ಅತಿ ಕಷ್ಟದ ಹೊತ್ತು. ಸೆರಗು ಎಳೆದುಕೊಂಡರೆ ಬೇಡ ಅಂತಲೇ ಅರ್ಥ. ಹೋದ ವರ್ಷ ಒಪ್ಪಿದ್ದರು ಅನ್ನುತ್ತೀರಿ. ಆ ಒಪ್ಪಿಗೆ ಅವರಿಗೇ ನೆನಪಿಲ್ಲ, ಅಲ್ವಾ? ದಿನಾ ಕೇಳಬೇಕು. ಮುಖ ನೋಡಿಯೇ ಉತ್ತರ ತಿಳಿಯಬೇಕು.

ಅಣ್ಣ ದುಬೈಯಿಂದಲೇ ಮಾನ ಕಾಯಲಿ, ಬಿಡಿ. ನನಗೆ ಜಾಸ್ತಿ ಕೋಪ ಆ ಗೆಳೆಯನ ಮೇಲೆ. "ನಾನು ಯಾರು, ಹೇಳಿ ನೋಡುವ" ಎಂಬ ಆಟವನ್ನು ಮನೆಗೆ ಬರುವ ನೆಂಟರೂ ಆಡುತ್ತಾರೆ. ಮರೆತವರಿಗೆ ಪರೀಕ್ಷೆ ಇಡಬೇಡಿ ಅಂತ ಈ ಅಂಕಣದಲ್ಲಿ ಎಷ್ಟು ಸಲ ಬರೆದೆನೋ! ಪ್ರಶ್ನೆ ಮರೆತುಹೋಗಬಹುದು, ಅದು ಕೊಟ್ಟ ಸಂಕಟ ಆಮೇಲೂ ಉಳಿದಿರುತ್ತದೆ. ಆ ಪುಣ್ಯಾತ್ಮನಿಗೆ ಒಂದು ಸಂಜೆ ಅಮ್ಮನ ಹತ್ತಿರ ಬರಿಗೈಯಲ್ಲಿ ಕೂರಲು ಹೇಳಿ.

ಬೆಳಿಗ್ಗೆ ಮಲ್ಲಿಗೆ ಮೊಗ್ಗು ಮುಂದಿಟ್ಟರೆ ಅಮ್ಮ ಈಗಲೂ ಬಾಳೆನಾರಿನಲ್ಲಿ ಸರಸರ ಕಟ್ಟುತ್ತಾರೆ ಅಂತ ನೀವೇ ಬರೆದಿದ್ದೀರಿ. ನಿಮ್ಮೂರಲ್ಲಿ ಮಲ್ಲಿಗೆಯ ಲೆಕ್ಕ ಚೆಂಡಿಗೆ 800 ಹೂ, ನಾಲ್ಕು ಚೆಂಡಿಗೆ ಒಂದು ಅಟ್ಟೆ. ಆ ಲೆಕ್ಕ ತಪ್ಪುತ್ತದೆ, ಗಂಟು ತಪ್ಪುವುದಿಲ್ಲವಂತೆ. ಅಲ್ಝೈಮರ್‌ನಲ್ಲಿ ಸಾಮಾನ್ಯವಾಗಿ ನಿನ್ನೆ ಮೊನ್ನೆಯದು ಮೊದಲು ಹೋಗುತ್ತದೆ. ಕೈಗೆ ರೂಢಿಯಾದ ಕೆಲಸ ಬಹಳ ಕಾಲ ಉಳಿಯುವುದುಂಟು. ನೆನಪಿನ ಬಗ್ಗೆ ಚಿತ್ರ ಮಾಡುವವರು ಇದನ್ನು "ಫಿಲ್ಲರ್ ಶಾಟ್", ಅಂದರೆ ನಡುವೆ ಜಾಗ ತುಂಬಿಸುವ ದೃಶ್ಯ, ಅಂತ ಬರೆದಿದ್ದೀರಲ್ಲ ಮಾರಾಯ್ರೆ!

ಹೇಳುವುದು ಒಂದೇ: ಮಧ್ಯಾಹ್ನದ ಊಟವಾದ ಮೇಲೆ ಕ್ಯಾಮೆರಾ ಬ್ಯಾಗಿನಲ್ಲಿರಲಿ. ಸಂಜೆ ನೀವು ಮಗಳು ಮಾತ್ರ. ಕತ್ತಲಾಗುವ ಮೊದಲೇ ದೀಪ ಹಾಕಿ. ಮನೆಗೆ ಹೋಗುತ್ತೇನೆ ಅಂದರೆ ವಾದ ಮಾಡಬೇಡಿ, ಅಂಗಳದಲ್ಲಿ ಒಂದು ಸುತ್ತು ನಡೆಸಿ ಒಳಗೆ ಕರೆತನ್ನಿ. ಗಲಿಬಿಲಿ ಒಮ್ಮೆಗೇ ಹೆಚ್ಚಾದರೆ ಮಾತ್ರ ಕಾಯಬೇಡಿ, ಡಾಕ್ಟರಿಗೆ ತೋರಿಸಿ. ಮೂತ್ರದ ಸೋಂಕಿನಿಂದಲೂ ಹಾಗಾಗುತ್ತದೆ.