ಗಳಿಗೆಕಾರರ ಕುಲುಮೆಗೆ ಐದು ಪುಟ ಯಾಕೆ?

ಪತ್ರ: ನಿಮ್ಮ ಧಾರಾವಾಹಿಯಲ್ಲಿ ತಡಿಯಂಡಮೋಳ್ ಬೆಟ್ಟದ ಅಡಿ ‘ಗಳಿಗೆಕಾರರು’ ಎಂಬ ಗುಟ್ಟಿನ ಕಮ್ಮಾರರ ಕೂಟ ಇದೆಯಂತೆ. ಅವರು ಕಾಲವನ್ನೇ ಕಾಯಿಸಿ, ಬಡಿದು, ಒಡಿಕತ್ತಿಯೊಳಗೆ ಕೂರಿಸುತ್ತಾರಂತೆ. ಇಂಥವರು ಕೊಡಗಿನಲ್ಲಿ ಎಂದೂ ಇರಲಿಲ್ಲ. ನನ್ನ ಮೊಮ್ಮಗಳು ನಿಜವೆಂದೇ ನಂಬಿದ್ದಾಳೆ. ಅದೂ ಹೋಗಲಿ, ಮಾಯಾವಿಗಳಿಗೆ ಒಂದು ಮಂತ್ರ ಸಾಲದೇ? ತಿದಿ, ಇದ್ದಿಲು ಅಂತ ಐದು ಪುಟ ಯಾಕೆ? ಅದರ ಬದಲು ನಮ್ಮ ನಿಜವಾದ ಚರಿತ್ರೆ ಬರೆಸಿ.
– ನಿವೃತ್ತ ಮೇಷ್ಟ್ರು, ವಿರಾಜಪೇಟೆ

ಉತ್ತರ: ಮೇಷ್ಟ್ರೇ, ಅಂಥ ಕೂಟ ಇರಲಿಲ್ಲ, ಒಪ್ಪಿದೆ. ಮುಂದಿನ ಕಂತಿನ ಮೇಲೆ ‘ಕಟ್ಟುಕತೆ’ ಅಂತ ದಪ್ಪಕ್ಷರದಲ್ಲೇ ಹಾಕಿಸುತ್ತೇನೆ. ಚರಿತ್ರೆಯೂ ಬೇಕು, ಬರೆಸೋಣ. ಆದರೆ ನೀವು ಆ ಐದು ಪುಟದ ಸುದ್ದಿಗೆ ಬಂದಿರಿ ನೋಡಿ, ಅಲ್ಲಿ ನನಗೆ ಸುಮ್ನೆ ಇರಲಾಗಲಿಲ್ಲ. ಅದನ್ನು ಎರಡು ಪುಟಕ್ಕೆ ಇಳಿಸೋಣ ಅಂದವರು ನಮ್ಮ ಕಚೇರಿಯಲ್ಲೂ ಇದ್ದರು. ನಾನು ಬಿಡಲಿಲ್ಲ. ಇಡೀ ಕತೆಯಲ್ಲಿ ನಾನು ಪೂರ್ತಿ ನಂಬಿದ್ದು ಅದನ್ನೇ.

ಮಂತ್ರ ಹೇಳಿ ಕಾಲ ನಿಲ್ಲಿಸುವವರ ಕತೆಗಳು ನನ್ನ ಮೇಜಿನ ಮೇಲೆ ರಾಶಿ ಬಿದ್ದಿವೆ. ನೀಲಿ ಬೆಳಕು ಬರುತ್ತದೆ, ಗಡಿಯಾರದ ಮುಳ್ಳು ಹಿಂದಕ್ಕೆ ಓಡುತ್ತದೆ, ಮುಗೀತು. ಯಾರ ಕೈಗೂ ಮಸಿ ಅಂಟುವುದಿಲ್ಲ.

ನಾನು ಹುಡುಗನಾಗಿದ್ದಾಗ ಅಪ್ಪ ಒಂದು ಕತ್ತಿ ಕೊಟ್ಟು ಕುಲುಮೆಗೆ ಕಳಿಸಿದರು. ಅಲ್ಲಿದ್ದ ಐರಿ (ಕೊಡಗಿನ ಕಮ್ಮಾರ ಜನಾಂಗ) ಅಜ್ಜ ‘ಬಾಗಿಲು ಅರ್ಧ ಎಳಿ’ ಅಂದರು. ಬೆಳಕು ಜಾಸ್ತಿಯಾದರೆ ಬಣ್ಣ ತಿಳಿಯುವುದಿಲ್ಲವಂತೆ. ಕತ್ತಿಯನ್ನು ಕೆಂಪಗೆ ಕಾಯಿಸಿ ನೀರಿಗೆ ಅದ್ದಿದರು. ಬಾಯಿಯನ್ನು ಕಲ್ಲಿಗೆ ಉಜ್ಜಿ ಹೊಳಪು ಬರಿಸಿ, ಮತ್ತೆ ಕೆಂಡದ ಹತ್ತಿರ ಹಿಡಿದರು. ಉಕ್ಕಿನ ಮೇಲೆ ಮೆಲ್ಲಗೆ ಒಣಹುಲ್ಲಿನ ಹಳದಿ ಹತ್ತಿತು. ಬಿಟ್ಟರೆ ಅದು ಕಂದಾಗಿ, ನೇರಳೆಯಾಗಿ, ನೀಲಿಗೆ ಹೋಗುತ್ತದೆ. ಬೇಗ ತೆಗೆದರೆ ಬಾಯಿ ಚಕ್ಕೆ ಏಳುತ್ತದೆ, ತಡವಾದರೆ ಮೆತ್ತಗಾಗುತ್ತದೆ. ನಾನು ಏನೋ ಕೇಳಲು ಹೋದೆ. ‘ಮಾತಾಡಬೇಡ, ಹದ ಹೋಗ್ತದೆ’ ಅಂದರು. ಚುಂಯ್ ಅಂತ ಸದ್ದಾಯಿತು. ಅವರ ಕೈಯಲ್ಲಿ ವಾಚ್ ಇರಲಿಲ್ಲ.

ಹದ. ಮಣ್ಣಿಗೂ ಹದ, ಬೆಲ್ಲದ ಪಾಕಕ್ಕೂ ಹದ, ಉಕ್ಕಿಗೂ ಹದ. ಎಷ್ಟು ಗಂಟೆಗೆ ಬರುತ್ತದೆ ಅಂತ ಕೇಳಿದರೆ ಯಾರೂ ಹೇಳಲಾರರು. ಬಂದಾಗ ಕೈಗೆ ಗೊತ್ತಾಗುತ್ತದೆ. ನಮ್ಮ ಲೇಖಕಿ ಈ ಹದವನ್ನೇ ಸ್ವಲ್ಪ ಎಳೆದು ಮಾಯೆ ಮಾಡಿದ್ದಾರೆ, ಅಷ್ಟೇ.

ಗಳಿಗೆಬಟ್ಟಲನ್ನೇ ತಗೊಳ್ಳಿ. ತಾಮ್ರದ ಬಟ್ಟಲು, ತಳದಲ್ಲಿ ಸಣ್ಣ ತೂತು. ನೀರಿನ ಮೇಲೆ ಬಿಟ್ಟರೆ ಸರಿಯಾಗಿ ಒಂದು ಗಳಿಗೆಗೆ, ಅಂದರೆ 24 ನಿಮಿಷಕ್ಕೆ ಮುಳುಗಬೇಕು, ದಿನಕ್ಕೆ 60 ಸಲ. ತೂತು ಕೂದಲೆಳೆಯಷ್ಟು ದೊಡ್ಡದಾದರೆ ಊರಿನ ಲಗ್ನವೆಲ್ಲ ತಪ್ಪಿತು. ಹಾಗಾದರೆ ಊರಿನ ಹೊತ್ತು ಇದ್ದದ್ದು ಪಂಚಾಂಗದವರ ಕೈಯಲ್ಲೋ, ತೂತು ಕೊರೆದವನ ಕೈಯಲ್ಲೋ? ಇಂಗ್ಲೆಂಡಿನ ಜಾನ್ ಹ್ಯಾರಿಸನ್ ಮೂಲತಃ ಬಡಗಿ. ಹಡಗಿನವರಿಗೆ ರೇಖಾಂಶ ತಿಳಿಯುವಂಥ ಗಡಿಯಾರ ಮಾಡಲು ಕೂತವನು ಮೂರನೆಯದೊಂದಕ್ಕೇ 19 ವರ್ಷ ಸವೆಸಿದ. ಮಂತ್ರ ಗೊತ್ತಿದ್ದರೆ ಪಾಪ, ಹೇಳುತ್ತಿದ್ದನೇನೋ.

ಇನ್ನು ನೀವು ಕೇಳಿದ ನಿಜದ ಸಂಗತಿ. 1906ರಲ್ಲಿ ಜಾರಿಗೆ ಬಂದ ಭಾರತೀಯ ಪ್ರಮಾಣಿತ ಕಾಲ 82.5 ಡಿಗ್ರಿ ರೇಖಾಂಶದ್ದು. ಮಡಿಕೇರಿ ಅದರಿಂದ ಬಹಳ ಪಶ್ಚಿಮಕ್ಕಿದೆ. ಹಾಗಾಗಿ ಇಲ್ಲಿ ಸೂರ್ಯ ನೆತ್ತಿಗೆ ಬರುವಾಗ ವಾಚಿನಲ್ಲಿ ವರ್ಷದ ಸರಾಸರಿಗೆ 12.27 ಆಗಿರುತ್ತದೆ. ಒಂದು ಗಳಿಗೆ, ಮೇಲೆ ಮೂರು ನಿಮಿಷ! ಊರೂರಿಗೆ ಒಂದೊಂದು ಗಂಟೆ ಇದ್ದರೆ ರೈಲು ಓಡಿಸುವುದು ಕಷ್ಟ, ಸರಿ. ಆದರೆ ಇವತ್ತಿಗೂ ರೈಲಿಲ್ಲದ ಜಿಲ್ಲೆ ನಮ್ಮದು! ಕತೆಯ ಗಳಿಗೆಕಾರರು ಕತ್ತಿಯೊಳಗೆ ಬಚ್ಚಿಡುವುದು ಕೊಡಗಿನ ಆ 27 ನಿಮಿಷವನ್ನೇ. ಮೂರನೇ ಕಂತಿನಲ್ಲಿದೆ. ನೀವು ಕುಲುಮೆಯ ಪುಟಗಳನ್ನು ಹಾರಿಸಿ ಓದಿದ್ದೀರಿ ಅಂತ ನನಗೆ ಗುಮಾನಿ. ಮೇಷ್ಟ್ರಾಗಿ ಹೀಗೆ ಮಾಡಬಹುದಾ?

ನಿಮಿಷಕ್ಕೆ ನಮ್ಮಷ್ಟು ಬೆಲೆ ಕೊಟ್ಟವರು ಕಡಿಮೆ. ಕಾವೇರಿ ಉಕ್ಕುವ ತೀರ್ಥೋದ್ಭವದ ಹೊತ್ತಿಗಾಗಿ ತಲಕಾವೇರಿಯ ಚಳಿಯಲ್ಲಿ, ಅದು ನಡುರಾತ್ರಿಯೇ ಆಗಲಿ, ಅಲ್ಲಿನ ಪುಟ್ಟ ಕೊಳ ಕುಂಡಿಕೆ ನೋಡುತ್ತಾ ನಿಲ್ಲುತ್ತೇವೆ. ಸುಗ್ಗಿಹಬ್ಬ ಹುತ್ತರಿಯಲ್ಲಿ ಎಲೆಗಳ ನೆರೆ ಕಟ್ಟಲು ಒಂದು ಹೊತ್ತು, ಕದಿರು ತೆಗೆಯಲು ಒಂದು ಹೊತ್ತು, ಊಟಕ್ಕೂ ಒಂದು ಹೊತ್ತು. ಕೋವಿ ಢಂ ಅಂದಾಗ ‘ಪೊಲಿ ಪೊಲಿ ದೇವಾ’ ಅಂತ ಕೂಗಿದವರಿಗೆ ಒಂದು ಕ್ಷಣದ ಕತೆ ಹೇಳಿಕೊಡಬೇಕಾ?

ಆದರೆ ಹೊತ್ತನ್ನು ಕೈಯಲ್ಲಿ ಹಿಡಿದವರು ಈಗ ಎಲ್ಲಿದ್ದಾರೆ ಹೇಳಿ. ಮೊನ್ನೆ ಅಪ್ಪನ ಹಳೇ ಎಚ್‌ಎಂಟಿ ವಾಚ್ ಹಿಡಿದು ಒಂದು ಅಂಗಡಿಗೆ ಹೋದೆ. ಹುಡುಗ ತಿರುಗಿಸಿ ಮುರುಗಿಸಿ ನೋಡಿ, ‘ಸೆಲ್ ಎಲ್ಲಿ ಹಾಕೋದು ಸಾರ್?’ ಅಂದ. ಕೀ ಕೊಡುವ ವಾಚ್ ಅದು! ಹೋಂಸ್ಟೇ ಗೋಡೆಗಳಲ್ಲಿ ಒಡಿಕತ್ತಿ ನೇತಾಡುತ್ತದೆ, ಬಾಯಿ ಮುಟ್ಟಿ ನೋಡಿದರೆ ತಗಡು. ನಮ್ಮ ಕಸುಬೇನು ಉಳಿದಿದೆಯಾ? ಹಿಂದೆ ಅಚ್ಚಿನ ಮೊಳೆ ಜೋಡಿಸುತ್ತಿದ್ದವರು ತಿರುಗುಮುರುಗಾದ ಅಕ್ಷರ ಓದುತ್ತಲೇ ನನ್ನ ತಪ್ಪು ಹಿಡಿಯುತ್ತಿದ್ದರು. ಈಗ ಗುಂಡಿ ಒತ್ತಿದರೆ ಪುಟ ಹೋಗುತ್ತದೆ. ಕಳೆದ ಸಂಚಿಕೆಯಲ್ಲಿ ‘ಕುಲುಮೆ’ ಎರಡು ಕಡೆ ‘ಕಲುಮೆ’ ಆಗಿತ್ತು. ಪತ್ರದಲ್ಲಿ ಅದನ್ನು ಎತ್ತದೆ ಬಿಟ್ಟದ್ದು ನಿಮ್ಮ ದೊಡ್ಡತನ.

ಮೊಮ್ಮಗಳನ್ನು ಬೈಯಬೇಡಿ ಮೇಷ್ಟ್ರೇ. ಹತ್ತಿರದಲ್ಲಿ ಇನ್ನೂ ಕೆಂಡ ಆರದ ಕುಲುಮೆ ಇದ್ದರೆ ಒಮ್ಮೆ ಕರೆದುಕೊಂಡು ಹೋಗಿ, ಬಾಗಿಲು ಅರ್ಧ ಎಳೆದು ನಿಲ್ಲಿಸಿ. ಎಲ್ಲಿದೆ ಅಂತ ನನಗೂ ಒಂದು ಕಾರ್ಡು ಹಾಕಿ. ಅಪ್ಪನ ಆ ಕತ್ತಿ ಇನ್ನೂ ನನ್ನ ಹತ್ತಿರವೇ ಇದೆ, ಬಾಯಿ ಮೊಂಡಾಗಿದೆ.

– ಸಂಪಾದಕ