ಶನಿವಾರ ರಾತ್ರಿಯ ಪ್ರೀತಿ

(ಗುರುತು ಸಿಗದಂತೆ ವಿವರಗಳನ್ನು ಬದಲಿಸಿದ್ದೇನೆ.)

ನನ್ನ ಹತ್ತಿರ ಸಲಹೆ ಕೇಳಲು ಬಂದ ಹುಡುಗಿಗೆ 23 ವರ್ಷ. ಬಳ್ಳಾರಿಯ ಜೀನ್ಸ್ ಹೊಲಿಯುವ ಕಡೆ ದಾರ ಕತ್ತರಿಸುವ ಕೆಲಸ. ಉಗುರಿನ ಸಂದಿಯಲ್ಲಿ ಆ ನೀಲಿ ಬಣ್ಣ ಹಾಗೇ ಇತ್ತು. ಹುಡುಗ ಅಲ್ಲೇ ಟೈಲರ್. ಹಗಲೆಲ್ಲ ಅವನು ತಲೆಯೆತ್ತಿ ಮಾತಾಡುವುದಿಲ್ಲವಂತೆ. ಶನಿವಾರ ಬಟವಾಡೆ ಆಗಿ, ಒಂದು ಕ್ವಾರ್ಟರ್ ಒಳಗೆ ಹೋದರೆ ಮಾತ್ರ ರಾತ್ರಿ ಫೋನು. "ದಸರಾ ಮುಗೀಲಿ, ನಿಮ್ಮನೀಗೆ ಹಿರಿಯರನ್ನ ಕಳಿಸ್ತೀನಿ" ಅಂತಾನೆ. ಭಾನುವಾರ ಕೇಳಿದರೆ, "ಹಂಗಂದ್ನಾ?"

"ಮೇಡಂ, ಅವ್ನು ಕುಡೀಲಿ ಅಂತ ನಾನೇ ಶನಿವಾರ ಕಾಯ್ತೀನಿ. ಅವಾಗಷ್ಟೇ ನನ್ನ ಹೆಸರು ಬಾಯ್ತುಂಬ ಕರೀತಾನ."

ಕುಡಿತಕ್ಕೆ ಸಂಕೋಚ ಸಡಿಲಿಸುವ ಗುಣ ಇದೆ, ನಿಜ. ಹಾಗಂತ ಅಮಲಿನಲ್ಲಿ ಬಂದದ್ದೇ ಮನಸ್ಸಿನ ಮಾತು ಅಂತ ನಾನು ಒಪ್ಪುವುದಿಲ್ಲ. ಬೆಳಿಗ್ಗೆ ನೆನಪೇ ಇಲ್ಲದ ಮಾತನ್ನು ನಂಬಿ ಮದುವೆ ಲೆಕ್ಕ ಹಾಕೋಕಾಗುತ್ತಾ?

ಇತ್ತೀಚೆಗೆ ದಿನಾ ಕುಡಿಯುತ್ತಾನಂತೆ. ಬೆಳಿಗ್ಗೆ ಮಷಿನ್ ಮುಂದೆ ಕೂತರೆ ಕೈ ನಡುಕ, ಒಂದು ನೈಂಟಿ ಹಾಕಿದ ಮೇಲೆ ನಿಲ್ಲುತ್ತದೆ. "ಬರೀ ಕ್ವಾರ್ಟರ್ರೀ" ಅಂದಳು. 180 ಎಂ.ಎಲ್. ಅಂದರೆ 30 ಎಂ.ಎಲ್.ನ ಆರು ಪೆಗ್. ಅದಕ್ಕಿಂತ ನನಗೆ ಚಿಂತೆ ಹಚ್ಚಿದ್ದು ಆ ಬೆಳಗಿನ ನಡುಕ. ಮೈಗೆ ಕುಡಿತ ಬೇಕೇ ಬೇಕು ಅನ್ನಿಸಿದೆ ಅಂತ ಅರ್ಥ.

ಅವಳ ಹತ್ತಿರ ಎರಡು ಉಪಾಯ ಇದ್ದವು. ಹುಲಿಗೆಮ್ಮನ ಮುಂದೆ ಆಣೆ ಮಾಡಿಸಿ ಒಂದೇ ದಿನಕ್ಕೆ ಬಿಡಿಸುವುದು ಒಂದು. ಯಾರೋ ಕೊಟ್ಟ ಪುಡಿಯನ್ನು ಗೊತ್ತಾಗದ ಹಾಗೆ ಸಾರಿಗೆ ಬೆರೆಸುವುದು ಇನ್ನೊಂದು. ಎರಡೂ ಬೇಡ ಅಂದೆ. ಇಂಥವರು ದಿಢೀರನೆ ನಿಲ್ಲಿಸಿದರೆ ಒಂದೆರಡು ದಿನದಲ್ಲೇ ಫಿಟ್ಸ್ ಬರಬಹುದು, ಆಮೇಲೆ ಮಾತು ಅಡ್ಡಾದಿಡ್ಡಿಯಾಗಿ ಭ್ರಮೆ ಹತ್ತಬಹುದು. ಜೀವಕ್ಕೇ ಅಪಾಯ. ಇನ್ನು ಆ ಪುಡಿಯಲ್ಲಿ ಕುಡಿತ ಬಿಡಿಸಲು ಕೊಡುವ ಡೈಸಲ್ಫಿರಾಂ ಔಷಧಿ ಇದ್ದು, ಅದರ ಮೇಲೆ ಅವನು ಕುಡಿದರೆ ವಾಂತಿ, ಎದೆಬಡಿತ, ಬಿಪಿ ಕುಸಿತ. ಡಾಕ್ಟರು ಆ ಔಷಧಿಯನ್ನು ರೋಗಿಗೆ ತಿಳಿಸಿ, ಒಪ್ಪಿಸಿಯೇ ಕೊಡುತ್ತಾರೆ. ದೇವಿಗೆ ಕೈಮುಗಿಯಲಿ, ಆದರೆ ಮೊದಲು ಮನೋರೋಗ ವಿಭಾಗದ ಚೀಟಿ ಮಾಡಿಸಲಿ.

ಅವಳಿಗೆ ಹೇಳಿದ್ದು ಇಷ್ಟು. ಕುಡಿದು ಫೋನ್ ಮಾಡಿದರೆ ಜಗಳ ಬೇಡ, ಮಾತು ತೆಗೆದುಕೊಳ್ಳುವುದೂ ಬೇಡ. "ನಾಳೆ ಮಾತಾಡೋಣ" ಅಂತ ಇಟ್ಟುಬಿಡು. ಅದೇ ಮಾತನ್ನು ಅವನು ಹಗಲು ಹೇಳಲಿ. ಕೈ ಎತ್ತಿದರೆ ಮಾತ್ರ ಸುಮ್ನಿರಬೇಡ, ಮಹಿಳಾ ಸಹಾಯವಾಣಿ 181ಕ್ಕೆ ಫೋನ್ ಮಾಡು. ರಾತ್ರಿ ಮನಸ್ಸು ತಡೆಯದಿದ್ದರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ ಇದೆ, 14416. ಕನ್ನಡದಲ್ಲೇ ಮಾತಾಡುತ್ತಾರೆ, ದುಡ್ಡಿಲ್ಲ.

ಮುಂದಿನ ಸಲ ಹುಡುಗನನ್ನೂ ಕರೆತಂದಳು. ಕುಡಿಯದೆ ಬಂದಿದ್ದ, ಕೈ ನಡುಗುತ್ತಿತ್ತು. ಅವಳ ಬಗ್ಗೆ ಏನನ್ನಿಸುತ್ತೆ ಅಂತ ಕೇಳಿದೆ. ಬಹಳ ಹೊತ್ತು ಗೋಡೆ ನೋಡಿ, "ಹೇಳಾಕ ಬರಲ್ರೀ" ಅಂದ. ಅವಳಿಗೆ ಅಳು ಬಂತು. ನನಗೆ ಮಾತ್ರ ಅದು ಅವನ ಬಾಯಿಂದ ಬಂದ ಮೊದಲ ನಂಬುವಂಥ ಮಾತು ಅನ್ನಿಸಿತು. ಅವತ್ತೇ ಆಸ್ಪತ್ರೆಗೆ ಚೀಟಿ ಬರೆದುಕೊಟ್ಟೆ. ಈಗ ಚಿಕಿತ್ಸೆ ನಡೆದಿದೆ.

ಮದುವೆ ಮಾತು ಸದ್ಯಕ್ಕೆ ಬೇಡ ಅಂದಿದ್ದೇನೆ. "ಲಗ್ನ ಆದ್ರೆ ತಾನೇ ಸರಿಹೋಗ್ತಾನ" ಅನ್ನುವ ಅವಳ ತಾಯಿಗೆ ಇದು ಹಿಡಿಸಿಲ್ಲ.